ಕಾಲ ಸರಿಸುವ ಯಂತ್ರ: ಅಥಣಿಯ ಸೂರ್ಯ ಅರ್ಧ ತಾಸು ಹಿಂದೆ

ಹಿಡಿಕೆಯೊಂದನ್ನು ಮುಂದಕ್ಕೆ ನೂಕಿದರೆ ಭವಿಷ್ಯ, ಹಿಂದಕ್ಕೆ ಎಳೆದರೆ ಭೂತಕಾಲ. ನಿಕಲ್, ದಂತ ಹಾಗೂ ಸ್ಫಟಿಕದಿಂದ ರೂಪಿಸಿದ ಇಂಥದೊಂದು ವಾಹನದ ಮೇಲೆ ಕುಳಿತು ಕ್ರಿಸ್ತಶಕ 8,02,701ನೇ ವರ್ಷಕ್ಕೆ ಹೋಗಿಬಂದವನ ಕಥೆಯನ್ನು ಇಂಗ್ಲೆಂಡಿನ ಲೇಖಕ ಎಚ್.ಜಿ. ವೆಲ್ಸ್ 1895ರಲ್ಲಿ ಪ್ರಕಟಿಸಿದಾಗ 'ಟೈಮ್ ಮಷಿನ್' ಎಂಬ ಪದ ಜಗತ್ತಿನ ನಿಘಂಟನ್ನು ಸೇರಿತು. ಅದಕ್ಕೂ ಎಂಟು ವರ್ಷ ಮೊದಲೇ ಸ್ಪೇನಿನ ಎನ್ರಿಕೆ ಗಾಸ್ಪರ್ ಕಾಲದಲ್ಲಿ ಹಿಂದಕ್ಕೆ ಹಾರುವ ಯಂತ್ರವೊಂದನ್ನು ಕಲ್ಪಿಸಿದ್ದನಾದರೂ ಕೀರ್ತಿ ಸಂದದ್ದು ವೆಲ್ಸ್‌ಗೆ.

ನಮ್ಮವರಿಗೆ ಈ ಕಲ್ಪನೆ ಹೊಸದಲ್ಲ. ಮಗಳು ರೇವತಿಗೆ ವರನನ್ನು ಕೇಳಲೆಂದು ಬ್ರಹ್ಮಲೋಕಕ್ಕೆ ಹೋದ ರಾಜ ಕಕುದ್ಮಿ, ಅಲ್ಲಿ ಗಂಧರ್ವರ ಗಾನ ಮುಗಿಯುವತನಕ ತುಸು ಹೊತ್ತು ಕಾಯುತ್ತಾನೆ. ಅಷ್ಟರಲ್ಲಿ ಭೂಮಿಯ ಮೇಲೆ ಇಪ್ಪತ್ತೇಳು ಚತುರ್ಯುಗಗಳು ಉರುಳಿಹೋಗಿರುತ್ತವೆ. ಅವನು ಮನಸ್ಸಿನಲ್ಲಿಟ್ಟುಕೊಂಡಿದ್ದ ವರರಾಗಲಿ, ಅವರ ಮೊಮ್ಮಕ್ಕಳಾಗಲಿ ಉಳಿದಿರುವುದಿಲ್ಲ. ಕೊನೆಗೆ ರೇವತಿ ಬಲರಾಮನ ಕೈಹಿಡಿಯುತ್ತಾಳೆ. ಭಾಗವತದ ಈ ಕಥೆಯಲ್ಲಿ ಯಂತ್ರವಿಲ್ಲ, ಹಿಂದಕ್ಕೆ ಮರಳುವ ದಾರಿಯೂ ಇಲ್ಲ. ಇಂದಿನ ಭೌತವಿಜ್ಞಾನ ಒಪ್ಪುವ ಕಾಲಪ್ರಯಾಣಕ್ಕೆ ವೆಲ್ಸ್‌ನ ಹಿಡಿಕೆಗಿಂತ ಕಕುದ್ಮಿಯ ಅನುಭವವೇ ಹೆಚ್ಚು ಹತ್ತಿರ ಎಂಬುದು ಕುತೂಹಲದ ಸಂಗತಿ.

ಬೆಳ್ಳಿತೆರೆಯೂ ಈ ಯಂತ್ರವನ್ನು ಬಿಟ್ಟಿಲ್ಲ. 'ಪುಷ್ಪಕ ವಿಮಾನ'ದ ಮೂಲಕ ಕನ್ನಡಿಗರಿಗೆ ಚಿರಪರಿಚಿತರಾದ ಸಿಂಗೀತಂ ಶ್ರೀನಿವಾಸರಾವ್ ತೆಲುಗಿನ 'ಆದಿತ್ಯ 369' (1991) ಚಿತ್ರದಲ್ಲಿ ನಾಯಕನನ್ನು ನೇರವಾಗಿ ಶ್ರೀಕೃಷ್ಣದೇವರಾಯನ ವಿಜಯನಗರಕ್ಕೆ ಇಳಿಸಿದರು. ಅಥಣಿಗೆ ಹತ್ತಿರದ ಕೊಲ್ಲಾಪುರದಲ್ಲಿ ಹುಟ್ಟಿ ಖಗೋಳವಿಜ್ಞಾನಿಯಾಗಿ ಹೆಸರಾದ ಜಯಂತ ನಾರ್ಳೀಕರ್ (1938-2025), ಪಾಣಿಪತ ಯುದ್ಧದಲ್ಲಿ ಮರಾಠರೇ ಗೆದ್ದ ಇನ್ನೊಂದು ಇತಿಹಾಸದೊಳಕ್ಕೆ ಜಾರಿಬೀಳುವ ಪ್ರಾಧ್ಯಾಪಕನ ಕಥೆ ಬರೆದರು. ಇವೆಲ್ಲ ಕಲ್ಪನೆ. ಹಾಗಾದರೆ ಕಾಲದ ಗತಿಯನ್ನು ನಿಜವಾಗಿ ಬದಲಿಸಿದ ಸಾಧನ ಯಾವುದೂ ಇಲ್ಲವೇ?

ಇದೆ, ಅದೂ ಎರಡು ಬಗೆಯಲ್ಲಿ. ಒಂದು ಪ್ರಕೃತಿಯದು, ಇನ್ನೊಂದು ಸರಕಾರದ್ದು. ಮೊದಲನೆಯದರಿಂದ ಅಥಣಿಯಂಥ ಊರಿಗೆ ಆಗುವ ವ್ಯತ್ಯಾಸ ಮೈಕ್ರೋಸೆಕೆಂಡುಗಳ ಲೆಕ್ಕದ್ದು. ಎರಡನೆಯದರಿಂದ ಆಗಿರುವ ವ್ಯತ್ಯಾಸ ಬರೋಬ್ಬರಿ ಅರ್ಧ ತಾಸು.

ಎತ್ತರದಲ್ಲಿ ಓಡುವ ಕಾಲ

ಪ್ರಕೃತಿಯ ಲೆಕ್ಕವನ್ನು ಮೊದಲು ಮುಗಿಸಬಹುದು. ವೇಗ ಹೆಚ್ಚಿದಂತೆ ಗಡಿಯಾರ ನಿಧಾನವಾಗುತ್ತದೆ, ಗುರುತ್ವ ಕಡಿಮೆಯಾದಂತೆ ಅದು ಚುರುಕಾಗುತ್ತದೆ ಎಂಬುದು ಐನ್‌ಸ್ಟೈನ್ ಸಿದ್ಧಾಂತದ ಸಾರ. ಅಮೆರಿಕದ ಹೇಫೆಲ್ ಮತ್ತು ಕೀಟಿಂಗ್ 1971ರಲ್ಲಿ ಸೀಸಿಯಂ ಪರಮಾಣು ಗಡಿಯಾರಗಳನ್ನು ಪ್ರಯಾಣಿಕರ ವಿಮಾನಗಳಲ್ಲಿಟ್ಟು ಭೂಮಿಯನ್ನು ಸುತ್ತಿಸಿ ಇದನ್ನು ಪರೀಕ್ಷಿಸಿದರು. ಪೂರ್ವಕ್ಕೆ ಸುತ್ತಿದ ಗಡಿಯಾರಗಳು ಸೆಕೆಂಡಿನ ಶತಕೋಟಿಯ 59 ಭಾಗದಷ್ಟು ಹಿಂದೆ ಬಿದ್ದಿದ್ದವು, ಪಶ್ಚಿಮಕ್ಕೆ ಸುತ್ತಿದವು 273 ಭಾಗದಷ್ಟು ಮುಂದೆ ಹೋಗಿದ್ದವು.

ಮೊಬೈಲಿನಲ್ಲಿ ದಾರಿ ತೋರಿಸುವ ಜಿಪಿಎಸ್ ಉಪಗ್ರಹಗಳ ಗಡಿಯಾರಗಳು ನೆಲದ ಗಡಿಯಾರಕ್ಕಿಂತ ದಿನಕ್ಕೆ ಸುಮಾರು 38 ಮೈಕ್ರೋಸೆಕೆಂಡು ಮುಂದೆ ಓಡುತ್ತವೆ. ತಿದ್ದದೆ ಬಿಟ್ಟರೆ ಒಂದೇ ದಿನದಲ್ಲಿ ಹತ್ತು ಕಿ.ಮೀ.ಗೂ ಮಿಕ್ಕಿದ ತಪ್ಪು ದೂರ ಲೆಕ್ಕಕ್ಕೆ ಬರುತ್ತದೆ. ಭಾರತದ್ದೇ ಆದ 'ನಾವಿಕ್' ವ್ಯವಸ್ಥೆಗೂ ಇದೇ ತಿದ್ದುಪಡಿ ಬೇಕು. ಅದರ ಕಾಲವನ್ನು ಕಾಯುವ ಕೇಂದ್ರ ಇರುವುದು ಬೆಂಗಳೂರು ಸಮೀಪದ ಬ್ಯಾಲಾಳುವಿನಲ್ಲಿ. ಈ ಸರಣಿಯ ಮೊದಲ ಉಪಗ್ರಹದ ಆಮದು ಪರಮಾಣು ಗಡಿಯಾರಗಳು ಕೈಕೊಟ್ಟ ಬಳಿಕ ಇಸ್ರೊ ದೇಶೀಯ ರುಬಿಡಿಯಂ ಗಡಿಯಾರವನ್ನು ಸಿದ್ಧಪಡಿಸಿ 2023ರ ಮೇ 29ರಂದು ಎನ್‌ವಿಎಸ್-01 ಉಪಗ್ರಹದಲ್ಲಿ ಹಾರಿಸಿತು.

ಅಥಣಿ ಸಮುದ್ರಮಟ್ಟದಿಂದ ಸುಮಾರು 550 ಮೀಟರ್ ಎತ್ತರದಲ್ಲಿದೆ. ಅಷ್ಟು ಎತ್ತರಕ್ಕೆ ಅಲ್ಲಿನ ಗಡಿಯಾರ ಕಾರವಾರದ ಕಡಲತೀರದ ಗಡಿಯಾರಕ್ಕಿಂತ ವರ್ಷಕ್ಕೆ ಹೆಚ್ಚುಕಡಿಮೆ ಎರಡು ಮೈಕ್ರೋಸೆಕೆಂಡು ಮುಂದೆ ಹೋಗುತ್ತದೆ. ನೂರು ವರ್ಷ ಬಾಳಿದವನಿಗೂ ಇದು ಕಣ್ಣೆವೆ ಮುಚ್ಚುವಷ್ಟು ಹೊತ್ತಲ್ಲ. ಗೋಡೆಯ ಮೇಲಿನ ಗಡಿಯಾರದ ಕಥೆಯೇ ಬೇರೆ.

75ನೇ ರೇಖೆಯ ಊರು

ಭೂಮಿ 24 ತಾಸಿನಲ್ಲಿ 360 ಡಿಗ್ರಿ ತಿರುಗುತ್ತದೆ. ಅಂದರೆ ಒಂದು ಡಿಗ್ರಿಗೆ 4 ನಿಮಿಷ. ಭಾರತೀಯ ಪ್ರಮಾಣ ಕಾಲವನ್ನು ನಿರ್ಧರಿಸಿರುವುದು ಉತ್ತರಪ್ರದೇಶದ ಮಿರ್ಜಾಪುರದ ಬಳಿ ಹಾದುಹೋಗುವ ಪೂರ್ವ ರೇಖಾಂಶ 82.5 ಡಿಗ್ರಿಯ ಮೇಲೆ. ಅಥಣಿ ಇರುವುದು 75 ಡಿಗ್ರಿಯನ್ನು ಕೂದಲೆಳೆಯಷ್ಟು ದಾಟಿ. ನಡುವಿನ ಅಂತರ ಸುಮಾರು ಏಳೂವರೆ ಡಿಗ್ರಿ, ಕಾಲದ ಲೆಕ್ಕದಲ್ಲಿ 30 ನಿಮಿಷ. ಮಿರ್ಜಾಪುರದಲ್ಲಿ ನೆತ್ತಿಗೆ ಬಂದ ಸೂರ್ಯ ಅಥಣಿಯ ನೆತ್ತಿಗೆ ಬರಲು ಇನ್ನೂ ಅರ್ಧ ತಾಸು ಬೇಕು. ಆದರೆ ಎರಡೂ ಊರಿನ ಗಡಿಯಾರ ಒಂದೇ ಸಮಯ ತೋರಿಸುತ್ತದೆ.

ಈ 75ನೇ ರೇಖೆ ಅಥಣಿಯ ಪಶ್ಚಿಮಕ್ಕೆ ಕೆಲವೇ ಕಿ.ಮೀ. ದೂರದಲ್ಲಿ, ಉಗಾರ ಮತ್ತು ಅಥಣಿಯ ನಡುವೆ ಹಾದುಹೋಗುತ್ತದೆ. ಗ್ರೀನಿಚ್‌ಗಿಂತ ಸರಿಯಾಗಿ ಐದು ತಾಸು ಮುಂದಿರುವ ರೇಖೆ ಇದು. ನೆರೆಯ ಪಾಕಿಸ್ತಾನ 1951ರಲ್ಲಿ ಭಾರತದ ಗಡಿಯಾರವನ್ನು ಬಿಟ್ಟು ತನ್ನ ಪಶ್ಚಿಮ ಭಾಗಕ್ಕೆ ಆರಿಸಿಕೊಂಡದ್ದು ಇದೇ ರೇಖೆಯ ಕಾಲವನ್ನು. ಹೀಗಾಗಿ ಅಥಣಿಯ ಸೂರ್ಯ ದಿಲ್ಲಿಯ ಗಡಿಯಾರಕ್ಕಿಂತ ಲಾಹೋರಿನ ಗಡಿಯಾರಕ್ಕೆ ಹೆಚ್ಚು ನಿಷ್ಠ ಎಂದು ಯಾರಾದರೂ ತಮಾಷೆ ಮಾಡಿದರೆ ಭೂಗೋಳ ಅಡ್ಡಿಪಡಿಸಲಾರದು.

ಹಳೆಯ ಜ್ಯೋತಿಷ ಗ್ರಂಥಗಳ ಕಾಲದಲ್ಲಿ ಅಥಣಿ ಹೀಗೆ ಅಂಚಿನ ಊರಾಗಿರಲಿಲ್ಲ. ಭಾರತೀಯ ಗಣಿತಜ್ಞರ ಮೂಲರೇಖೆ ಲಂಕೆ, ಉಜ್ಜಯಿನಿ, ಕುರುಕ್ಷೇತ್ರಗಳನ್ನು ಹಾದುಹೋಗುತ್ತಿತ್ತು. ಉಜ್ಜಯಿನಿಗೂ ಅಥಣಿಗೂ ಇರುವ ವ್ಯತ್ಯಾಸ ಮೂರು ನಿಮಿಷಕ್ಕೂ ಕಡಿಮೆ, ಪಂಚಾಂಗದ ಭಾಷೆಯಲ್ಲಿ ಏಳು ವಿಗಳಿಗೆ. ತಳದಲ್ಲಿ ಸಣ್ಣ ರಂಧ್ರವಿರುವ ಗಳಿಗೆ ಬಟ್ಟಲನ್ನು ನೀರಿನ ಮೇಲೆ ತೇಲಿಬಿಟ್ಟು, ಅದು ತುಂಬಿ ಮುಳುಗುವ 24 ನಿಮಿಷವನ್ನು ಒಂದು ಗಳಿಗೆ ಎಂದು ಎಣಿಸುತ್ತಿದ್ದ ಆ ಪದ್ಧತಿಯಲ್ಲಿ ದಿನ ಆರಂಭವಾಗುತ್ತಿದ್ದುದು ಆಯಾ ಊರಿನ ಸೂರ್ಯೋದಯದಿಂದ. ಊರಿಗೊಂದು ಸೂರ್ಯ, ಊರಿಗೊಂದು ಕಾಲ. ಅದರ ಲೆಕ್ಕದಲ್ಲಿ ಇಂದಿನ ಸರಕಾರಿ ಗಡಿಯಾರ ಅಥಣಿಯ ಸೂರ್ಯನಿಂದ ಕಸಿದುಕೊಂಡಿರುವುದು ಒಂದೂಕಾಲು ಗಳಿಗೆ.

ಮೂರು ಬಾರಿ ಸರಿದ ಮುಳ್ಳು

ಈ ಅರ್ಧ ತಾಸು ಒಮ್ಮೆಲೇ ಹೋದದ್ದಲ್ಲ. ಬೆಳಗಾವಿ ಜಿಲ್ಲೆ ಆಗ ಮುಂಬಯಿ ಪ್ರಾಂತ್ಯದಲ್ಲಿತ್ತು. ಮುಂಬಯಿಯ ಸ್ಥಳೀಯ ಕಾಲ ಗ್ರೀನಿಚ್‌ಗಿಂತ 4 ತಾಸು 51 ನಿಮಿಷ ಮುಂದೆ, ಅಂದರೆ ಅಥಣಿಯ ಸೂರ್ಯನಿಗಿಂತ 9 ನಿಮಿಷ ಹಿಂದೆ. ರೈಲ್ವೆ ಮಾತ್ರ ದೇಶದಾದ್ಯಂತ ಮದರಾಸಿನ ಕಾಲವನ್ನು ಪಾಲಿಸುತ್ತಿತ್ತು. ಅದು ಗ್ರೀನಿಚ್‌ಗಿಂತ 5 ತಾಸು 21 ನಿಮಿಷ ಮುಂದೆ.

1880ರ ದಶಕದ ಕೊನೆಯ ಭಾಗದಲ್ಲಿ ಸದರ್ನ್ ಮರಾಠಾ ರೈಲ್ವೆ ಮಿರಜ್ ಕಡೆಯಿಂದ ಶೇಡಬಾಳ, ಉಗಾರ, ಕುಡಚಿ ಮಾರ್ಗವಾಗಿ ಬೆಳಗಾವಿಗೆ ಹಳಿ ಹಾಕಿತು. ಅಥಣಿ ಪಟ್ಟಣದೊಳಕ್ಕೆ ರೈಲು ಬರಲಿಲ್ಲ, ಆದರೆ ರೈಲಿನ ಕಾಲ ನದಿಯಂಚಿನವರೆಗೆ ಬಂತು. ಬಂಡಿ ಕಟ್ಟಿಕೊಂಡು ನಿಲ್ದಾಣಕ್ಕೆ ಹೋಗುವ ವ್ಯಾಪಾರಿ ತನ್ನ ಊರಿನ ಹೊತ್ತನ್ನು ನಂಬಿದರೆ 21 ನಿಮಿಷದ ಅಂತರದಲ್ಲಿ ಗಾಡಿ ತಪ್ಪುವುದು ಖಚಿತವಾಗಿತ್ತು.

ಮುಂಬಯಿಯ ಗವರ್ನರ್ ಜೇಮ್ಸ್ ಫರ್ಗುಸನ್ 1881ರಲ್ಲಿ ಸರಕಾರಿ ಕಚೇರಿಗಳಲ್ಲೂ ಮದರಾಸು ಕಾಲವನ್ನೇ ಅನುಸರಿಸುವಂತೆ ಆದೇಶಿಸಿದಾಗ ಮುಂಬಯಿಯ ಜನ ಒಪ್ಪಲಿಲ್ಲ. ವಿಶ್ವವಿದ್ಯಾಲಯದ ರಾಜಾಬಾಯಿ ಗೋಪುರದ ಗಡಿಯಾರ ಯಾವ ಕಾಲ ತೋರಿಸಬೇಕು ಎಂಬುದೇ ದೊಡ್ಡ ವಿವಾದವಾಯಿತು. ಮದರಾಸು ಕಾಲ ತೋರಿಸದಿದ್ದರೆ ರಾತ್ರಿ ಗಡಿಯಾರಕ್ಕೆ ದೀಪ ಬೆಳಗಿಸುವ ಖರ್ಚು ಕೊಡುವುದಿಲ್ಲ ಎಂದು ಸರಕಾರ ಹಟ ಹಿಡಿಯಿತು. 1883ರಲ್ಲಿ ಆದೇಶ ಹಿಂದಕ್ಕೆ ಹೋಯಿತು.

ಎರಡನೆಯ ಸರದಿ 1906ರ ಜನವರಿ 1ರದು. ಅಂದಿನಿಂದ ಗ್ರೀನಿಚ್‌ಗಿಂತ ಐದೂವರೆ ತಾಸು ಮುಂದಿರುವ ಪ್ರಮಾಣ ಕಾಲ ಜಾರಿಗೆ ಬಂತು. ಬಂಗಾಳ ವಿಭಜನೆಯ ಕಾವಿನ್ನೂ ಆರಿರಲಿಲ್ಲ. ಮುಂಬಯಿಯಲ್ಲಿ ಇದನ್ನೂ ಪರಕೀಯರ ಹೇರಿಕೆ ಎಂದೇ ಕಂಡರು. ನಸುಕಿನಲ್ಲಿ ಇನ್ನಷ್ಟು ಬೇಗ ಏಳಬೇಕಾಗಿ ಬಂದ ಹತ್ತಿ ಗಿರಣಿ ಕಾರ್ಮಿಕರು ಜೇಕಬ್ ಸಸೂನ್ ಗಿರಣಿಯೆದುರು ಪ್ರತಿಭಟಿಸಿದರು. ಮುಂಬಯಿ ನಗರಪಾಲಿಕೆಯಂತೂ ನಾಲ್ಕು ದಶಕಕ್ಕೂ ಹೆಚ್ಚು ಕಾಲ ತನ್ನ ಹಳೆಯ ಕಾಲವನ್ನೇ ಉಳಿಸಿಕೊಂಡಿತು. ವಕೀಲರು ಮತ್ತು ಪತ್ರಿಕೆಗಳು ಹಕ್ಕಿನ ಮಾತಾಡುತ್ತಿದ್ದಾಗ ಗಿರಣಿ ಕಾರ್ಮಿಕರು ಆಡಿದ್ದು ನಿದ್ದೆಯ ಮಾತು ಎಂಬುದನ್ನು ಇಲ್ಲಿ ಗಮನಿಸಬೇಕು. ಆ ಮಾತು ನೂರು ವರ್ಷಗಳ ನಂತರ ಮತ್ತೆ ಬೇರೆ ಕಡೆಯಿಂದ ಕೇಳಿಬಂದಿದೆ.

ಮೂರನೆಯ ಬಾರಿ ಮುಳ್ಳು ಸರಿದದ್ದು ಯುದ್ಧಕಾಲದಲ್ಲಿ. ಎರಡನೇ ಮಹಾಯುದ್ಧದ ಕಾರಣಕ್ಕೆ 1942ರ ಸೆಪ್ಟೆಂಬರ್‌ನಿಂದ 1945ರ ಅಕ್ಟೋಬರ್‌ವರೆಗೆ ದೇಶದ ಗಡಿಯಾರಗಳನ್ನು ಮತ್ತೊಂದು ತಾಸು ಮುಂದಕ್ಕೆ ತಿರುಗಿಸಲಾಗಿತ್ತು. ಆ ಮೂರು ವರ್ಷ ಅಥಣಿಯಲ್ಲಿ ಸೂರ್ಯ ನೆತ್ತಿಗೆ ಬರುತ್ತಿದ್ದುದು ಮಧ್ಯಾಹ್ನ ಒಂದೂವರೆಗೆ, ಜನವರಿಯಲ್ಲಿ ಹೊತ್ತು ಮೂಡುತ್ತಿದ್ದುದು ಎಂಟರ ಮೇಲೆ.

ರಾಹುಕಾಲವೂ ಜಾರಿತು

ಇದನ್ನು ಪರೀಕ್ಷಿಸಲು ಪರಮಾಣು ಗಡಿಯಾರ ಬೇಕಿಲ್ಲ, ಅಂಗಳದಲ್ಲಿ ನೆಟ್ಟಗೆ ನಿಲ್ಲಿಸಿದ ಕೋಲು ಸಾಕು. ವರ್ಷಕ್ಕೆ ಎರಡು ದಿನ, ಮೇ 7 ಮತ್ತು ಆಗಸ್ಟ್ 6ರ ಆಸುಪಾಸಿನಲ್ಲಿ, ಅಥಣಿಯಲ್ಲಿ ಸೂರ್ಯ ಸರಿಯಾಗಿ ನೆತ್ತಿಯ ಮೇಲೆ ಬರುತ್ತಾನೆ. ಕೋಲಿನ ನೆರಳು ಮಾಯವಾಗುತ್ತದೆ. ಅದು ಸಂಭವಿಸುವುದು ಗಡಿಯಾರದ ಹನ್ನೆರಡಕ್ಕಲ್ಲ. ಮೇ ತಿಂಗಳಲ್ಲಿ ಸುಮಾರು 12.26ಕ್ಕೆ, ಆಗಸ್ಟಿನಲ್ಲಿ 12.36ಕ್ಕೆ. ಭೂಮಿಯ ಕಕ್ಷೆ ದುಂಡಗಿಲ್ಲದಿರುವುದರಿಂದಲೂ ಅದರ ಅಕ್ಷ ವಾಲಿರುವುದರಿಂದಲೂ ಈ ಹತ್ತು ನಿಮಿಷದ ಏರುಪೇರು. ವರ್ಷವಿಡೀ ನೋಡಿದರೆ ನಡು ಮಧ್ಯಾಹ್ನ ನವೆಂಬರ್ ಆರಂಭದಲ್ಲಿ 12.13ರಷ್ಟು ಬೇಗ, ಫೆಬ್ರವರಿಯಲ್ಲಿ 12.44ರಷ್ಟು ತಡ. ಹನ್ನೆರಡಕ್ಕೆ ಎಂದೂ ಇಲ್ಲ.

ಗೋಡೆಯ ಕ್ಯಾಲೆಂಡರ್ ನೋಡಿ ರಾಹುಕಾಲ ತಪ್ಪಿಸುವವರಿಗೂ ಇಲ್ಲೊಂದು ಪೇಚಿದೆ. ಸೋಮವಾರದ ರಾಹುಕಾಲ 7.30ರಿಂದ 9 ಎಂಬುದು ಬಾಯಿಪಾಠದ ಲೆಕ್ಕ. ಬೆಳಗ್ಗೆ ಆರಕ್ಕೆ ಸೂರ್ಯ ಹುಟ್ಟಿ ಸಂಜೆ ಆರಕ್ಕೆ ಮುಳುಗುತ್ತಾನೆಂದು ಭಾವಿಸಿ ಹಗಲನ್ನು ಎಂಟು ಪಾಲು ಮಾಡಿದಾಗ ಬರುವ ಎರಡನೆಯ ಪಾಲು ಅದು. ಆದರೆ ಜನವರಿ 20ರ ಸುಮಾರಿಗೆ ಅಥಣಿಯಲ್ಲಿ ಸೂರ್ಯೋದಯ 7.03ಕ್ಕೆ, ಸೂರ್ಯಾಸ್ತ 6.19ಕ್ಕೆ. ಆ ಹಗಲಿನ ಎರಡನೆಯ ಪಾಲು 8.27ರಿಂದ 9.52. ಅಂದರೆ ರಾಹುಕಾಲ ಕಳೆಯಿತೆಂದು ಒಂಬತ್ತೂ ಐದಕ್ಕೆ ಹೊಸ್ತಿಲು ದಾಟಿದವರು ಶಾಸ್ತ್ರದ ಪ್ರಕಾರ ಅದರ ಮಧ್ಯದಲ್ಲೇ ಹೊರಟಂತಾಯಿತು. ಸ್ಥಳೀಯ ಸೂರ್ಯೋದಯ ಹಿಡಿದು ಗಣಿಸುವ ಪುರೋಹಿತರಿಗೆ ಇದು ಗೊತ್ತಿರುವ ವಿಷಯವೇ. ತೊಂದರೆ ಇರುವುದು ಬಾಯಿಪಾಠದವರಿಗೆ.

ಮಕ್ಕಳ ನಿದ್ದೆಯ ಲೆಕ್ಕ

ಹೊತ್ತು ಅರ್ಧ ತಾಸು ಹೆಚ್ಚುಕಡಿಮೆಯಾದರೆ ಏನು ಮಹಾ ನಷ್ಟ ಎಂಬ ಪ್ರಶ್ನೆ ಸಹಜ. ಕಬ್ಬಿನ ಗದ್ದೆಗೆ ನೀರು ಹಾಯಿಸುವ ರೈತನಿಗೆ ಗಡಿಯಾರವೂ ಮುಖ್ಯವಲ್ಲ, ಸೂರ್ಯನೂ ಮುಖ್ಯವಲ್ಲ. ತ್ರೀಫೇಸ್ ವಿದ್ಯುತ್ ಬಂದಾಗಲೇ ಅವನಿಗೆ ಬೆಳಗು, ಅದು ನಡುರಾತ್ರಿಯಾದರೂ ಸರಿ. ಕೂಲಿಕಾರರೂ ಬಿಸಿಲು ನೋಡಿಕೊಂಡೇ ಹೊಲಕ್ಕೆ ಇಳಿಯುತ್ತಾರೆ. ಗಡಿಯಾರದ ಗಂಟೆಗೆ ಕಟ್ಟುಬಿದ್ದವರು ಬೇರೆ: ಕಾರ್ಖಾನೆಯ ಪಾಳಿಯವರು, ಬಸ್ಸು ಹಿಡಿಯುವ ನೌಕರರು, ಎಲ್ಲಕ್ಕಿಂತ ಹೆಚ್ಚಾಗಿ ಶಾಲೆಯ ಮಕ್ಕಳು.

ಅರ್ಥಶಾಸ್ತ್ರಜ್ಞ ಮೌಲಿಕ್ ಜಗನಾನಿ ಅಮೆರಿಕದ ಕಾರ್ನೆಲ್ ವಿಶ್ವವಿದ್ಯಾಲಯದಲ್ಲಿದ್ದಾಗ ಭಾರತದ ಜಿಲ್ಲೆಗಳ ಸೂರ್ಯಾಸ್ತದ ಸಮಯವನ್ನೂ ಮಕ್ಕಳ ದಿನಚರಿಯನ್ನೂ ಹೋಲಿಸಿ ನಡೆಸಿದ ಅಧ್ಯಯನ ಈ ಪ್ರಶ್ನೆಗೆ ಉತ್ತರ ಹುಡುಕಿತು. ಕತ್ತಲಾಗುವುದು ತಡವಾದಷ್ಟೂ ಮಕ್ಕಳು ಮಲಗುವುದು ತಡವಾಗುತ್ತದೆ. ಆದರೆ ಶಾಲೆಯ ಗಂಟೆ ದೇಶದಾದ್ಯಂತ ಹೆಚ್ಚುಕಡಿಮೆ ಒಂದೇ ಹೊತ್ತಿಗೆ ಬಾರಿಸುವುದರಿಂದ ಏಳುವ ಸಮಯ ಹಿಂದಕ್ಕೆ ಹೋಗುವುದಿಲ್ಲ. ಸೂರ್ಯಾಸ್ತ ಒಂದು ತಾಸು ತಡವಾದಲ್ಲಿ ಮಗುವಿನ ನಿದ್ದೆ ಸುಮಾರು 30 ನಿಮಿಷ ಕಡಿತ, ದೀರ್ಘಕಾಲದಲ್ಲಿ ಶಿಕ್ಷಣದ ಒಟ್ಟು ಅವಧಿಯಲ್ಲಿ 0.8 ವರ್ಷದಷ್ಟು ಕೊರತೆ ಎಂಬುದು ಅವರ ಲೆಕ್ಕ. ಬಡ ಕುಟುಂಬಗಳಲ್ಲಿ ಈ ಪರಿಣಾಮ ಹೆಚ್ಚು. ಸೆಕೆ, ಸದ್ದು, ಒಂದೇ ಕೋಣೆಯಲ್ಲಿ ಎಲ್ಲರ ವಾಸ, ಇವುಗಳ ನಡುವೆ ಮಕ್ಕಳನ್ನು ಬೇಗ ಮಲಗಿಸುವ ಅನುಕೂಲ ಅಲ್ಲಿರುವುದಿಲ್ಲ.

ಇದು ದೇಶದ ಪೂರ್ವ-ಪಶ್ಚಿಮಗಳನ್ನು ಹೋಲಿಸಿದ ಲೆಕ್ಕವೇ ಹೊರತು ಅಥಣಿಯೊಂದರದ್ದಲ್ಲ. ಆದರೂ ಗುವಾಹಟಿಗಿಂತ ಅಥಣಿಯ ಸೂರ್ಯ ಒಂದು ತಾಸು ಏಳು ನಿಮಿಷ ತಡ ಎಂಬುದನ್ನು ನೆನೆದರೆ, ಈ ಊರು ತಕ್ಕಡಿಯ ಯಾವ ತಟ್ಟೆಯಲ್ಲಿದೆ ಎಂಬುದು ಸ್ಪಷ್ಟ. ಜುಲೈ ಮೊದಲ ವಾರದಲ್ಲಿ ಅಲ್ಲಿ ಸೂರ್ಯ ಮುಳುಗುವುದು 7.07ಕ್ಕೆ.

ಅಸ್ಸಾಮಿನ ಗೋಳು ಇದಕ್ಕೆ ವಿರುದ್ಧವಾದದ್ದು. ಅಲ್ಲಿ ಬೇಗ ಬೆಳಗಾಗಿ ಬೇಗ ಕತ್ತಲಾಗುತ್ತದೆ. ಚಹಾ ತೋಟಗಳು ಇಂದಿಗೂ ಒಂದು ತಾಸು ಮುಂದಿರುವ 'ಬಾಗಾನ್ ಟೈಮ್' ಪಾಲಿಸುತ್ತವೆ. ದೇಶದ ಅಧಿಕೃತ ಕಾಲವನ್ನು ಕಾಯುವ ದಿಲ್ಲಿಯ ರಾಷ್ಟ್ರೀಯ ಭೌತ ಪ್ರಯೋಗಾಲಯದ ವಿಜ್ಞಾನಿಗಳು 2018ರಲ್ಲಿ 'ಕರೆಂಟ್ ಸೈನ್ಸ್' ಪತ್ರಿಕೆಯಲ್ಲಿ ಈಶಾನ್ಯ ರಾಜ್ಯಗಳಿಗೆ ಪ್ರತ್ಯೇಕ ಕಾಲವಲಯ ಸೂಚಿಸಿದರು. ಕೇಂದ್ರ ಸರಕಾರ ಒಪ್ಪಲಿಲ್ಲ.

ಕರ್ನಾಟಕದ ಮಟ್ಟಿಗೆ ಹೆಚ್ಚು ಮುಖ್ಯವಾದ ಪ್ರಸ್ತಾವ ಹೊರಬಿದ್ದದ್ದು ಬೆಂಗಳೂರಿನಿಂದಲೇ. ರಾಷ್ಟ್ರೀಯ ಉನ್ನತ ಅಧ್ಯಯನ ಸಂಸ್ಥೆಯ ದಿಲೀಪ್ ಅಹುಜಾ ಮತ್ತು ಡಿ.ಪಿ. ಸೇನ್‌ಗುಪ್ತ, ವಿ.ಕೆ. ಅಗರವಾಲ್ ಅವರೊಡಗೂಡಿ 2007ರಲ್ಲಿ ಅದೇ ಪತ್ರಿಕೆಯಲ್ಲಿ ಬರೆದ ಲೇಖನದಲ್ಲಿ, ಇಡೀ ದೇಶದ ಗಡಿಯಾರವನ್ನು ಶಾಶ್ವತವಾಗಿ ಅರ್ಧ ತಾಸು ಮುಂದಕ್ಕೆ ಸರಿಸಬೇಕೆಂದು ವಾದಿಸಿದರು. ಸಂಜೆ ಬೆಳಕು ಹೆಚ್ಚು ಹೊತ್ತು ಉಳಿದರೆ ದೀಪ ಹೊತ್ತಿಸುವುದು ತಡವಾಗಿ, ವಿದ್ಯುತ್ತಿನ ಗರಿಷ್ಠ ಬೇಡಿಕೆ ತಗ್ಗುತ್ತದೆ ಎಂಬುದು ಅವರ ತರ್ಕ. ಈಶಾನ್ಯದವರಿಗೂ ಅಷ್ಟರಮಟ್ಟಿಗೆ ಅನುಕೂಲ. ವಿದ್ಯುತ್ತಿನ ಲೆಕ್ಕದಲ್ಲಿ ವಾದ ಬಲವಾದದ್ದೇ.

ಆದರೆ ಅಥಣಿಯಿಂದ ನೋಡಿದರೆ ಚಿತ್ರ ಬೇರೆ. ಅದು ಜಾರಿಗೆ ಬಂದಿದ್ದರೆ ಅಲ್ಲಿ ಜನವರಿಯ ಸೂರ್ಯೋದಯ 7.33ಕ್ಕೆ, ಜುಲೈನ ಸೂರ್ಯಾಸ್ತ 7.37ಕ್ಕೆ. ಊರಿನ ಸೂರ್ಯ ಗಡಿಯಾರಕ್ಕಿಂತ ಪೂರ್ತಿ ಒಂದು ತಾಸು ಹಿಂದೆ. ಉಳಿತಾಯವಾಗುವ ವಿದ್ಯುತ್ತಿನ ಯೂನಿಟ್ ಎಣಿಸುವವರು, ಅದರ ಬೆಲೆಯನ್ನು ನಿದ್ದೆಗಣ್ಣಿನಲ್ಲಿ ತೆರುವ ಪಶ್ಚಿಮದ ಜಿಲ್ಲೆಗಳ ಮಕ್ಕಳನ್ನೂ ಅದೇ ತಖ್ತೆಯಲ್ಲಿ ಎಣಿಸಬೇಕಾಗುತ್ತದೆ. ಪ್ರಸ್ತಾವ ಕಾಗದದಲ್ಲೇ ಉಳಿದಿದೆಯಾದರೂ ವಿದ್ಯುತ್ ಕೊರತೆ ತಲೆದೋರಿದಾಗಲೆಲ್ಲ ಅದು ಮತ್ತೆ ಚರ್ಚೆಗೆ ಬರಬಹುದಾದಂಥದು.

ಕೇಂದ್ರದ ಗಮನ ಸದ್ಯ ಬೇರೆ ಕಡೆಗಿದೆ. ಬ್ಯಾಂಕು, ದೂರಸಂಪರ್ಕ, ವಿದ್ಯುತ್ ಜಾಲಗಳೆಲ್ಲ ಒಂದೇ ಅಧಿಕೃತ ಕಾಲವನ್ನು ಕಡ್ಡಾಯವಾಗಿ ಪಾಲಿಸಬೇಕೆಂಬ ಕರಡು ನಿಯಮಗಳನ್ನು 2025ರ ಜನವರಿಯಲ್ಲಿ ಹೊರಡಿಸಲಾಯಿತು. ಆ ಕಾಲವನ್ನು ಹಂಚಲು ಗೊತ್ತುಪಡಿಸಿದ ಐದು ಕೇಂದ್ರಗಳಲ್ಲಿ ಬೆಂಗಳೂರೂ ಒಂದು. ಯಂತ್ರಗಳಿಗೆ ಒಂದೇ ಕಾಲ ಬೇಕು ಎಂಬುದರಲ್ಲಿ ಎರಡು ಮಾತಿಲ್ಲ.

ಶಾಲೆಗಳಿಗೆ ಮಾತ್ರ ಅದೇ ನಿಯಮ ಅನ್ವಯಿಸಬೇಕೆಂದೇನೂ ಇಲ್ಲ. ಜನವರಿಯ ಅದೇ ದಿನ ಬೆಂಗಳೂರಿನಲ್ಲಿ ಸೂರ್ಯ ಹುಟ್ಟುವುದು 6.46ಕ್ಕೆ, ಅಥಣಿಗಿಂತ 17 ನಿಮಿಷ ಮೊದಲು. ಶಾಲಾ ವೇಳೆಯ ಬಗ್ಗೆ ರಾಜ್ಯದಲ್ಲಿ 2023ರಲ್ಲಿ ದೊಡ್ಡದಾಗಿ ಚರ್ಚೆಯಾದದ್ದು ರಾಜಧಾನಿಯ ವಾಹನ ದಟ್ಟಣೆಯ ಕಾರಣಕ್ಕೆ. ಆಗ ಕೇಳಿಬಂದ ಸಲಹೆಯೂ ಶಾಲೆಯನ್ನು ಇನ್ನೂ ಬೇಗ ಆರಂಭಿಸಬೇಕೆಂಬುದೇ ಆಗಿತ್ತು. ಅಥಣಿ, ಕಾಗವಾಡ, ರಾಯಬಾಗ, ಚಿಕ್ಕೋಡಿ, ನಿಪ್ಪಾಣಿಯ ಹಳ್ಳಿಗಳಲ್ಲಿ ಚಳಿಗಾಲದ ಶನಿವಾರಗಳ ಬೆಳಗಿನ ಶಾಲೆಗೆ ಹೊರಡುವ ಮಕ್ಕಳು ಮನೆಯಲ್ಲಿ ಏಳುವಾಗ ಇನ್ನೂ ಕತ್ತಲು. ನವೆಂಬರಿನಿಂದ ಫೆಬ್ರವರಿವರೆಗೆ ಈ ತಾಲೂಕುಗಳ ಶಾಲೆಯ ಗಂಟೆಯನ್ನು ಅರ್ಧ ತಾಸು ತಡವಾಗಿ ಬಾರಿಸಲು ದೇಶದ ಗಡಿಯಾರವನ್ನಾಗಲಿ, ರೈಲಿನ ವೇಳಾಪಟ್ಟಿಯನ್ನಾಗಲಿ ಮುಟ್ಟಬೇಕಾಗಿಲ್ಲ. ಶಿಕ್ಷಣ ಇಲಾಖೆಯ ಒಂದು ಸುತ್ತೋಲೆ ಸಾಕು.